ಕೊರೊನಾ ಬಂದ ವರ್ಷ ಮಲೇರಿಯಾ ಕಡಿಮೆಯಾಯಿತಾ, ಇಲ್ಲ ನಾವು ನೋಡಲಿಲ್ಲವಾ?

ಕಡಲ ಕರೆ · ಭಾನುವಾರ ಬೆಳಿಗ್ಗೆ

ಎಲ್ಲರಿಗೂ ನಮಸ್ಕಾರ. ಮೂರು ದಿನದಿಂದ ಒಂದು ವಿಷಯ ತಲೆ ಕೊರೆಯುತ್ತಿದೆ. ಇಲ್ಲಿ ಆರೋಗ್ಯ ಇಲಾಖೆಯಲ್ಲಿ ದುಡಿದವರಿದ್ದೀರಿ, ಹೊರದೇಶದಲ್ಲಿರುವವರೂ ಇದ್ದೀರಿ. ಅದಕ್ಕೇ ಕೇಳುತ್ತಿದ್ದೇನೆ.

ನಮ್ಮ ಅಮ್ಮ ದಕ್ಷಿಣ ಕನ್ನಡದ ಒಂದು ಹಳ್ಳಿಯಲ್ಲಿ ಆಶಾ ಕಾರ್ಯಕರ್ತೆ. ಮಳೆ ಹಿಡಿಯುವ ಮೊದಲು ಕಪಾಟು ಖಾಲಿ ಮಾಡಿ ಬಿಸಿಲಿಗೆ ಹಾಕಿದ್ದೆವು. ಅಮ್ಮನ ಹಳೆಯ ಜ್ವರದ ಪುಸ್ತಕಗಳು ಸಿಕ್ಕವು. ಹೆಸರು, ವಯಸ್ಸು, ಜ್ವರ ಶುರುವಾದ ದಿನ, ರಕ್ತ ತೆಗೆದ ದಿನ, ಫಲಿತಾಂಶ. 2019ರ ಜೂನ್, ಜುಲೈ ಪುಟಗಳಲ್ಲಿ ಸಾಲು ಬಿಡದೆ ಬರೆದಿದ್ದಾರೆ. 2020ರ ಏಪ್ರಿಲ್‌ನಿಂದ ಆಗಸ್ಟ್‌ವರೆಗೆ ಪುಟಕ್ಕೆ ಎರಡೋ ಮೂರೋ ಸಾಲು.

"ಆ ವರ್ಷ ಜ್ವರವೇ ಇರಲಿಲ್ಲವಾ ಅಮ್ಮ?" ಎಂದು ಕೇಳಿದೆ.

"ಜ್ವರ ಇತ್ತು ಮಗಾ. ಹೇಳುವವರು ಇರಲಿಲ್ಲ" ಎಂದರು.

ಆಮೇಲೆ ದೇಶದ ಲೆಕ್ಕ ನೋಡಿದೆ. 2019ರಲ್ಲಿ ಭಾರತದಲ್ಲಿ ಸುಮಾರು 3.38 ಲಕ್ಷ ಮಲೇರಿಯಾ ಪ್ರಕರಣ. 2020ರಲ್ಲಿ 1.86 ಲಕ್ಷ. ಓದಿದ ತಕ್ಷಣ ಸಂತೋಷವಾಯಿತು. ಪಕ್ಕದ ಕಾಲಂ ನೋಡಿದರೆ, ಪರೀಕ್ಷೆ ಮಾಡಿದ ರಕ್ತದ ಮಾದರಿಗಳು ಸುಮಾರು 13.4 ಕೋಟಿಯಿಂದ 9.7 ಕೋಟಿಗೆ ಇಳಿದಿವೆ. ಮೂರೂವರೆ ಕೋಟಿಗೂ ಜಾಸ್ತಿ ಜ್ವರಗಳ ರಕ್ತವನ್ನು ಯಾರೂ ನೋಡಲೇ ಇಲ್ಲ. ಅದರಲ್ಲಿ ಎಷ್ಟು ಮಲೇರಿಯಾ ಇತ್ತು?

ಆ ದಿನಗಳಲ್ಲಿ ಒಳಗೆ ಕೆಲಸ ಮಾಡಿದವರು ನೋಡಿದ್ದನ್ನು ಹೇಳಿ. ಅಮ್ಮನಿಗೂ ಓದಿ ಹೇಳುತ್ತೇನೆ.

ಹಳೆಯ ಲ್ಯಾಬ್ · ಭಾನುವಾರ ಮಧ್ಯಾಹ್ನ

ನಾನು 31 ವರ್ಷ ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ ಲ್ಯಾಬ್ ಟೆಕ್ನಿಷಿಯನ್ ಆಗಿದ್ದೆ. 2021ರಲ್ಲಿ ನಿವೃತ್ತನಾದೆ. ನಿಮ್ಮ ತಾಯಿ ಹೇಳಿದ್ದು ನೂರಕ್ಕೆ ನೂರು ಸರಿ.

ಕರಾವಳಿಯ ಮಳೆಗಾಲದಲ್ಲಿ ನನ್ನ ಮೇಜಿಗೆ ದಿನಕ್ಕೆ ಐವತ್ತು, ಅರವತ್ತು ಸ್ಲೈಡ್ ಬರುತ್ತಿದ್ದವು. ರೋಗಾಣು ಕಾಣಲೆಂದು ಜೆಎಸ್‌ಬಿ ಎಂಬ ಬಣ್ಣ ಹಾಕಿ, ಒಣಗಿಸಿ, ಎಣ್ಣೆ ಬಿಟ್ಟು, ಒಂದೊಂದರಲ್ಲೂ ಮೈಕ್ರೊಸ್ಕೋಪಿನಡಿ ನೂರು ಜಾಗ ನೋಡಬೇಕು. ಸಂಜೆಗೆ ಕಣ್ಣು ಉರಿಯುತ್ತಿತ್ತು. 2020ರ ಜೂನ್‌ನಲ್ಲಿ ಅದೇ ಮೇಜಿಗೆ ನಾಲ್ಕು, ಐದು. ಕೆಲವು ದಿನ ಒಂದೂ ಇಲ್ಲ. ಮೈಕ್ರೊಸ್ಕೋಪಿನ ಮೇಲಿನ ಬಟ್ಟೆಯನ್ನೇ ತೆಗೆಯಲಿಲ್ಲ. ನಾನು ಲ್ಯಾಬ್‌ನಲ್ಲಿ ಇರಲೂ ಇಲ್ಲ. ಬೆಳಿಗ್ಗೆ ಎಂಟಕ್ಕೆ ಕೊರೊನಾ ಸ್ವಾಬ್ ತೆಗೆಯಲು ಹಾಕಿದ್ದರು. ನಮ್ಮ ಆರೋಗ್ಯ ಸಹಾಯಕರು ಚೆಕ್‌ಪೋಸ್ಟ್‌ನಲ್ಲಿ ಥರ್ಮಾಮೀಟರ್ ಹಿಡಿದು ನಿಂತಿದ್ದರು. ಸೊಳ್ಳೆ ಮರಿ (ಲಾರ್ವಾ) ನೋಡಲು ಹೋಗುತ್ತಿದ್ದ ಹುಡುಗರು ಸೋಂಕಿತರ ಮನೆಗೆ ಸ್ಯಾನಿಟೈಸರ್ ಹೊಡೆಯುತ್ತಿದ್ದರು.

ಮಲೇರಿಯಾ ಕೆಲಸ ಹೇಗೆ ನಡೆಯುತ್ತದೆ ಎಂದು ಸ್ವಲ್ಪ ಬಿಡಿಸಿ ಹೇಳುತ್ತೇನೆ. ಒಬ್ಬನಿಗೆ ಜ್ವರ ಬರುತ್ತದೆ. ಅವನನ್ನು ಕಚ್ಚಿದ ಅನಾಫಿಲಿಸ್ ಸೊಳ್ಳೆಯ ಹೊಟ್ಟೆಯಲ್ಲಿ ರೋಗಾಣು ಬೆಳೆಯಲು ಹತ್ತು, ಹದಿನಾಲ್ಕು ದಿನ ಬೇಕು. ಆಮೇಲೆ ಆ ಸೊಳ್ಳೆ ಕಚ್ಚಿದವರಿಗೆಲ್ಲ ಕಾಯಿಲೆ. ಸೊಳ್ಳೆ ಕಚ್ಚುವ ಮೊದಲೇ ಜ್ವರದವನನ್ನು ಹುಡುಕಿ ಮಾತ್ರೆ ಕೊಟ್ಟರೆ ಸರಪಳಿ ಅಲ್ಲೇ ತುಂಡಾಗುತ್ತದೆ. ಅದಕ್ಕೇ "ಜ್ವರ ಬಂದರೆ 24 ಗಂಟೆಯೊಳಗೆ ರಕ್ತ ಪರೀಕ್ಷೆ ಮಾಡಿಸಿ" ಎಂದು ಗೋಡೆಗೋಡೆಗೆ ಬರೆಸುತ್ತಿದ್ದೆವು. ಇಪ್ಪತ್ತು ವರ್ಷ ಹೇಳಿ ಹೇಳಿ ಜನರಿಗೆ ರೂಢಿಯಾಗಿತ್ತು.

2020ರ ಮಾರ್ಚ್‌ನಲ್ಲಿ ನಾವೇ ತಿರುಗಿಸಿ ಹೇಳಿದೆವು. ಸಣ್ಣ ಜ್ವರ ಇದ್ದರೆ ಮನೆಯಲ್ಲೇ ಇರಿ, ಆಸ್ಪತ್ರೆಗೆ ಬರಬೇಡಿ. ಹೇಳಿದ ಬಾಯಿ ಅದೇ, ಹೇಳಿಸಿಕೊಂಡ ಕಿವಿಯೂ ಅದೇ. ಕೊರೊನಾ ಮಟ್ಟಿಗೆ ಆ ಮಾತು ಸರಿಯೇ ಇತ್ತು. ಮಲೇರಿಯಾ ಮಟ್ಟಿಗೆ ಅದಕ್ಕಿಂತ ಅಪಾಯದ ಮಾತಿಲ್ಲ. ಫಾಲ್ಸಿಪೇರಂ ಎಂಬ ಅಪಾಯದ ಬಗೆಯ ಮಲೇರಿಯಾ ಆಗಿದ್ದರೆ ಎರಡು ಮೂರು ದಿನದಲ್ಲಿ ಮಿದುಳಿಗೆ, ಕಿಡ್ನಿಗೆ ಹೋಗಿಬಿಡಬಹುದು.

ಮುಂಗಾರು ಮನೆ · ಭಾನುವಾರ ಸಂಜೆ

ಹೌದು ಸರ್, ಆ ರೂಢಿ ಇನ್ನೂ ಬಿಟ್ಟಿಲ್ಲ. ಈಗ ನಮ್ಮ ಮನೆಯವರಿಗೇ ಗುರುವಾರದಿಂದ ಜ್ವರ. ಮೊನ್ನೆ ಪರವಾಗಿಲ್ಲ ಎನ್ನುತ್ತಿದ್ದರು, ನಿನ್ನೆ ಮತ್ತೆ ಚಳಿ ಬಂತು. ಎರಡು ಕಂಬಳಿ ಹೊದಿಸಿದೆ. ಇವತ್ತು ಮತ್ತೆ ಆರಾಮಾಗಿದ್ದಾರೆ. ಪ್ಯಾರಾಸಿಟಮಾಲ್ ನುಂಗುತ್ತಿದ್ದಾರೆ. ಯಾರಿಗೂ ಹೇಳಬೇಡ, ಸುಮ್ನೆ ಟೆಸ್ಟು ಗಿಸ್ಟು ಎಂದು ಎಳೆದಾಡುತ್ತಾರೆ ಎನ್ನುತ್ತಾರೆ. 2020ರಲ್ಲಿ ಅವರನ್ನು ಹದಿನಾಲ್ಕು ದಿನ ಒಂದು ಹಾಸ್ಟೆಲಿನಲ್ಲಿ ಇಟ್ಟಿದ್ದರು. ಅದು ಅವರ ಮನಸ್ಸಿನಿಂದ ಹೋಗಿಲ್ಲ.

ಹಳೆಯ ಲ್ಯಾಬ್ · ಭಾನುವಾರ ಸಂಜೆ

ಅಮ್ಮಾ, ಒಂದು ದಿನ ಬಿಟ್ಟು ಒಂದು ದಿನ ಚಳಿ ಬರುತ್ತಿದ್ದರೆ ಕಾಯಬೇಡಿ. ನಾಳೆ ಬೆಳಿಗ್ಗೆ ಹತ್ತಿರದ ಸರ್ಕಾರಿ ಆಸ್ಪತ್ರೆಗೆ ಕರೆದುಕೊಂಡು ಹೋಗಿ. ಮಲೇರಿಯಾ ರಕ್ತ ಪರೀಕ್ಷೆ ಉಚಿತ. ಬೆರಳ ತುದಿಯ ಒಂದು ಹನಿ ಸಾಕು. ರಾತ್ರಿಯೇ ವಾಂತಿ, ತುಂಬಾ ಸುಸ್ತು, ಮಾತು ತೊದಲುವುದು, ಮೂತ್ರ ಕಪ್ಪಾಗುವುದು ಏನಾದರೂ ಕಂಡರೆ ಬೆಳಿಗ್ಗೆವರೆಗೂ ನಿಲ್ಲಬೇಡಿ. ಇದನ್ನು ಬೇರೆ ಮಾತಿನ ಮಧ್ಯೆ ಮರೆಯಬೇಡಿ, ದಯವಿಟ್ಟು.

ಕಿರಿಯ ಅಂಕಿ · ಭಾನುವಾರ ರಾತ್ರಿ

ನಾನು ಬೆಂಗಳೂರಿನಲ್ಲಿ ಸಂಖ್ಯಾಶಾಸ್ತ್ರ ಓದುತ್ತಿದ್ದೇನೆ. ಅಕ್ಕ, ನೀವು ಕೊಟ್ಟ ಅಂಕಿಗಳ ಬಗ್ಗೆ ಒಂದು ಮಾತು. ಪರೀಕ್ಷೆಗಳು ಇಳಿದದ್ದು ನೂರಕ್ಕೆ 28ರಷ್ಟು. ಪ್ರಕರಣಗಳು ಇಳಿದದ್ದು ನೂರಕ್ಕೆ 45ರಷ್ಟು. 2019ರಲ್ಲಿ ಹತ್ತು ಸಾವಿರ ಜನರ ರಕ್ತ ನೋಡಿದರೆ ಸುಮಾರು 25 ಜನರಲ್ಲಿ ಮಲೇರಿಯಾ ಇತ್ತು. 2020ರಲ್ಲಿ ಸುಮಾರು 19 ಜನರಲ್ಲಿ. ಪರೀಕ್ಷೆ ಕಡಿಮೆಯಾಗಿದ್ದಷ್ಟೇ ಕಾರಣವಾಗಿದ್ದರೆ ಈ ಪ್ರಮಾಣ ಇಷ್ಟು ಇಳಿಯಬೇಕಾಗಿರಲಿಲ್ಲ.

ಹಾಗಾಗಿ ಸ್ವಲ್ಪ ಇಳಿಕೆ ನಿಜವೇ ಇರಬಹುದು. ಒಡಿಶಾದಲ್ಲಿ 2017ರಿಂದ ದುರ್ಗಮ ಹಳ್ಳಿಗಳಿಗೆ ಹೋಗಿ ಇಡೀ ಊರಿನ ರಕ್ತ ನೋಡುವ 'ದಮನ್' ಕೆಲಸ ನಡೆದಿತ್ತು. ಔಷಧಿ ಹಚ್ಚಿದ ಸೊಳ್ಳೆಪರದೆ ಕೋಟಿಗಟ್ಟಲೆ ಹಂಚಿದ್ದರು. ದೇಶದ ಮಲೇರಿಯಾ ಕೊರೊನಾಕ್ಕೆ ಮೊದಲೇ ಇಳಿಜಾರಿನಲ್ಲಿತ್ತು.

ಆದರೆ ಇದರಿಂದ ನೆಮ್ಮದಿ ಪಡುವಂತಿಲ್ಲ. ಪರೀಕ್ಷೆ ತಪ್ಪಿಸಿಕೊಂಡ ಮೂರೂವರೆ ಕೋಟಿ ಜನ ಯಾರು? ರಸ್ತೆಯ ಪಕ್ಕ ಇರುವವರಲ್ಲ. ಆಶಾ ಬರದಿದ್ದರೆ ಬೇರೆ ದಾರಿಯೇ ಇಲ್ಲದ ಕಾಡಿನಂಚಿನ ಹಾಡಿಗಳು, ಕಟ್ಟಡ ಕೆಲಸದ ಶೆಡ್‌ಗಳು, ಊರಿಗೆ ನಡೆದು ಹೊರಟವರು. ಮಲೇರಿಯಾ ಜಾಸ್ತಿ ಇರುವುದು ಅವರಲ್ಲೇ. ಅವರೇ ಲೆಕ್ಕದಿಂದ ಹೊರಗೆ ಉಳಿದರೆ ಉಳಿದವರ ಪ್ರಮಾಣ ಚೆನ್ನಾಗಿಯೇ ಕಾಣುತ್ತದೆ.

ನೈಲ್ ದಂಡೆ · ಸೋಮವಾರ ಬೆಳಗಿನ ಜಾವ

ನಾನು ಹಾವೇರಿ ಕಡೆಯವನು. ಉಗಾಂಡಾಕ್ಕೆ ಬಂದು ಒಂಬತ್ತು ವರ್ಷವಾಯಿತು, ಒಂದು ಕಾರ್ಖಾನೆಯಲ್ಲಿ ಮೆಕ್ಯಾನಿಕಲ್ ಕೆಲಸ. ಜಗತ್ತಿನ ಮಲೇರಿಯಾದಲ್ಲಿ ನೂರಕ್ಕೆ ಸುಮಾರು 5 ಪಾಲು ಈ ಒಂದು ದೇಶದ್ದು. ಊರಲ್ಲಿ ನೆಗಡಿ ಬಂದ ಹಾಗೆ ಇಲ್ಲಿ ಮಲೇರಿಯಾ ಬರುತ್ತದೆ. ನನಗೇ ನಾಲ್ಕು ಸಲ ಬಂದಿದೆ.

2020ರ ಮಾರ್ಚ್ ಕೊನೆಯಲ್ಲಿ ಇಲ್ಲಿ ಮೊದಲು ಬಸ್ಸು, ಟ್ಯಾಕ್ಸಿ ನಿಲ್ಲಿಸಿದರು. ಐದು ದಿನ ಕಳೆದ ಮೇಲೆ ಸ್ವಂತ ಕಾರನ್ನೂ ನಿಲ್ಲಿಸಿದರು. ಬೋಡಾಬೋಡಾ ಎನ್ನುತ್ತಾರೆ, ಬಾಡಿಗೆ ಬೈಕು. ಬಡವರ ಆಂಬುಲೆನ್ಸ್ ಅದೇ. ಅದರಲ್ಲಿ ಸಾಮಾನು ಸಾಗಿಸಬಹುದು, ಜನರನ್ನು ಕೂರಿಸುವಂತಿಲ್ಲ. ಸಂಜೆ ಏಳಕ್ಕೆ ಕರ್ಫ್ಯೂ. ಕಾಯಿಲೆಯವರನ್ನು ಕಾರಿನಲ್ಲಿ ಕರೆದೊಯ್ಯಲು ಜಿಲ್ಲೆಯ ಅಧಿಕಾರಿಯ ಅನುಮತಿ ಬೇಕಿತ್ತು.

ಏಪ್ರಿಲ್‌ನಲ್ಲಿ ಮಳೆ ಶುರುವಾಗಿತ್ತು. ನನ್ನ ಜೊತೆ ವೆಲ್ಡಿಂಗ್ ಮಾಡುವವನ ಮಗಳಿಗೆ ಮೂರು ವರ್ಷ. ಮಧ್ಯಾಹ್ನ ಜ್ವರ, ರಾತ್ರಿ ಹತ್ತಕ್ಕೆ ಫಿಟ್ಸ್. ನನ್ನ ಹತ್ತಿರ ಕಾರಿತ್ತು, ಪೆಟ್ರೋಲೂ ಇತ್ತು. ಅನುಮತಿಗೆ ಫೋನ್ ಮಾಡಿದರೆ ಯಾರೂ ಎತ್ತುತ್ತಿಲ್ಲ. ಕೊನೆಗೆ ಅವನು ಮಗುವನ್ನು ಬೆನ್ನಿಗೆ ಕಟ್ಟಿಕೊಂಡು ಸೈಕಲ್ಲಿನಲ್ಲಿ ಹೊರಟ. ಹನ್ನೊಂದು ಕಿಲೋಮೀಟರ್, ಕತ್ತಲಲ್ಲಿ, ಪೊಲೀಸರು ಹೊಡೆಯುತ್ತಾರೇನೋ ಎಂಬ ಭಯದಲ್ಲಿ. ಮಗು ಉಳಿಯಿತು. ಅದೇ ರಾತ್ರಿ ಅದೇ ವಾರ್ಡಿಗೆ ತಡವಾಗಿ ಬಂದ ಇನ್ನೊಂದು ಮಗು ಉಳಿಯಲಿಲ್ಲ ಎಂದು ಮರುದಿನ ಹೇಳಿ ಅತ್ತ. ಕಾರಿನ ಕೀಲಿ ಕೈಯಲ್ಲಿ ಹಿಡಿದು ನಿಂತಿದ್ದ ಆ ರಾತ್ರಿಯನ್ನು ನಾನು ಮರೆಯಲಾರೆ.

ಇಲ್ಲಿ ಚೆನ್ನಾಗಿ ನಡೆದ ಕೆಲಸವನ್ನೂ ಹೇಳಬೇಕು. ಅದೇ ವರ್ಷ ಜೂನ್‌ನಿಂದ ಮರುವರ್ಷ ಮಾರ್ಚ್‌ವರೆಗೆ ಇಡೀ ದೇಶಕ್ಕೆ ಸೊಳ್ಳೆಪರದೆ ಹಂಚಿದರು, ಸುಮಾರು 2.7 ಕೋಟಿ. ಮೊದಲೆಲ್ಲ ಒಂದು ಮರದ ಕೆಳಗೆ ಜನ ಸೇರಿಸಿ ಕೊಡುತ್ತಿದ್ದರಂತೆ. ಆ ಸಲ ಮಾಸ್ಕ್ ಹಾಕಿಕೊಂಡು ಮನೆಮನೆ ಬಾಗಿಲಿಗೆ ತಂದಿಟ್ಟು ಹೋದರು. ನನ್ನ ಹಾಸಿಗೆಯ ಮೇಲಿರುವುದೂ ಅದೇ ಪರದೆ.

ಬಯಲುಸೀಮೆ ಹುಡುಗ · ಸೋಮವಾರ ಬೆಳಿಗ್ಗೆ

ಎಲ್ಲ ಓದಿದೆ. ಒಂದು ಪ್ರಶ್ನೆ ಕೇಳಲೇಬೇಕು, ಬೇಜಾರು ಮಾಡಿಕೊಳ್ಳಬೇಡಿ. ಆಗ ಬೇರೆ ದಾರಿ ಏನಿತ್ತು? ನನ್ನ ದೊಡ್ಡಪ್ಪ 2021ರ ಮೇ ತಿಂಗಳಲ್ಲಿ ಆಕ್ಸಿಜನ್ ಸಿಗದೆ ತೀರಿಕೊಂಡರು. ಆಗ ಸ್ವಾಬ್ ತೆಗೆಯುವವರು ಇನ್ನೂ ನಾಲ್ಕು ಜನ ಇದ್ದಿದ್ದರೆ, ಹಾಸಿಗೆ ಹತ್ತು ಜಾಸ್ತಿ ಇದ್ದಿದ್ದರೆ ಎಂದು ನಾವೆಲ್ಲ ಪರಿತಪಿಸಿದ್ದೇವೆ. ಮನೆಗೆ ಬೆಂಕಿ ಬಿದ್ದಾಗ ಎಲ್ಲರೂ ಕೊಡಪಾನ ಹಿಡಿದು ಓಡುವುದು ಸಹಜ ಅಲ್ವಾ? ಮಲೇರಿಯಾ ಸಿಬ್ಬಂದಿಯನ್ನು ಕೊರೊನಾ ಕೆಲಸಕ್ಕೆ ಹಾಕಿದ್ದು ತಪ್ಪು ಎಂದು ಇಷ್ಟು ಸುಲಭವಾಗಿ ಹೇಳಬಹುದಾ?

ಕಡಲ ಕರೆ · ಸೋಮವಾರ ಬೆಳಿಗ್ಗೆ

ನಿಮ್ಮ ದೊಡ್ಡಪ್ಪನ ವಿಷಯ ಕೇಳಿ ಸಂಕಟವಾಯಿತು. ತಪ್ಪು ಯಾರದು ಎಂದು ಹುಡುಕಲು ನಾನು ಹೊರಟಿಲ್ಲ. ನಮ್ಮ ಅಮ್ಮನೂ ಆ ಎರಡು ವರ್ಷ ಕೊರೊನಾ ಕೆಲಸವನ್ನೇ ಮಾಡಿದರು. ಮೊದಲ ವಾರಗಳಲ್ಲಿ ಮಾಸ್ಕ್ ಕೂಡ ಸಿಕ್ಕಿರಲಿಲ್ಲ, ಸೆರಗನ್ನೇ ಬಾಯಿಗೆ ಸುತ್ತಿಕೊಂಡು ಹೋಗುತ್ತಿದ್ದರು.

ಅಮ್ಮ ಇಲ್ಲೇ ಪಕ್ಕದಲ್ಲಿ ಕೂತಿದ್ದಾರೆ. ಅವರು ಹೇಳಿದ್ದನ್ನು ಹಾಗೇ ಬರೆಯುತ್ತೇನೆ. "ಮೊದಲು ನಾನು ಅಂಗಳಕ್ಕೆ ಕಾಲಿಟ್ಟರೆ ಕೂರಿಸಿ ಚಹಾ ಕೊಡುತ್ತಿದ್ದರು. ಆ ವರ್ಷ ನನ್ನನ್ನು ಕಂಡರೆ ಬಾಗಿಲು ಹಾಕುತ್ತಿದ್ದರು. ಜ್ವರ ಎಂದು ಬಾಯಿ ಬಿಟ್ಟರೆ ಕೈಗೆ ಮುದ್ರೆ ಒತ್ತುತ್ತಾರೆ, ಬಾಗಿಲಿಗೆ ಚೀಟಿ ಅಂಟಿಸುತ್ತಾರೆ, ಹಾಲಿನವನು ಬರುವುದಿಲ್ಲ. ಒಬ್ಬಳು ಬಾಣಂತಿ ಚಳಿಜ್ವರದಲ್ಲಿ ನಡುಗುತ್ತಿದ್ದಳು. ಅತ್ತೆ ಬಂದು ಇಲ್ಲಿ ಯಾರಿಗೂ ಏನೂ ಇಲ್ಲ ಎಂದರು. ನನಗೆ ಹಲ್ಲು ಕಟಕಟ ಎನ್ನುವ ಸದ್ದು ಕೇಳುತ್ತಿತ್ತು."

2020ರ ಜುಲೈನಲ್ಲಿ ರಾಜ್ಯದ ಸುಮಾರು 42,000 ಆಶಾ ಕಾರ್ಯಕರ್ತೆಯರು ತಿಂಗಳಿಗೆ 12,000 ರೂಪಾಯಿ ಗೌರವಧನ, ಸರಿಯಾದ ರಕ್ಷಣಾ ಸಾಮಗ್ರಿ ಕೇಳಿ ಕೆಲಸ ನಿಲ್ಲಿಸಿದ್ದು ನಿಮಗೆ ನೆನಪಿರಬಹುದು. ಅಮ್ಮನೂ ಅದರಲ್ಲಿದ್ದರು. ಕೆಲಸ ಬಿಡಲು ಮನಸ್ಸಿರಲಿಲ್ಲ. ಆದರೆ ಒಂದೇ ಜೀವಕ್ಕೆ ಎರಡು ಜೀವದ ಕೆಲಸ ಹೇರಿದರೆ ಏನು ಮಾಡುತ್ತಾರೆ? ನನ್ನ ಪ್ರಶ್ನೆ ಇಷ್ಟೇ. ಕೊರೊನಾಕ್ಕೆ ಬೇರೆ ಜನರನ್ನು ತೆಗೆದುಕೊಂಡು, ಜ್ವರದ ಕೆಲಸ ಮಾಡುವವರನ್ನು ಅವರ ಕೆಲಸದಲ್ಲೇ ಬಿಡಬಹುದಿತ್ತಲ್ಲವೇ?

ಕಿರಿಯ ಅಂಕಿ · ಸೋಮವಾರ ಮಧ್ಯಾಹ್ನ

ಬಯಲುಸೀಮೆ ಅವರ ಪ್ರಶ್ನೆಗೆ ಪಶ್ಚಿಮ ಆಫ್ರಿಕಾದಲ್ಲಿ ಒಂದು ಉತ್ತರವಿದೆ. ಕೊರೊನಾಕ್ಕೆ ಆರು ವರ್ಷ ಮೊದಲು ಇದೇ ಪರಿಸ್ಥಿತಿ ಅಲ್ಲಿ ಬಂದಿತ್ತು.

2014ರಲ್ಲಿ ಗಿನಿ, ಲೈಬೀರಿಯಾ, ಸಿಯೆರಾ ಲಿಯೋನ್‌ನಲ್ಲಿ ಎಬೋಲಾ ಎಂಬ ಮಾರಕ ವೈರಸ್ ಕಾಯಿಲೆ ಹಬ್ಬಿತು. ಎಬೋಲಾ ಶುರುವಾಗುವುದೂ ಜ್ವರದಿಂದಲೇ. ಆಸ್ಪತ್ರೆಗೆ ಹೋದರೆ ಎಬೋಲಾ ಹತ್ತುತ್ತದೆ ಎಂದು ಜನ ಹೆದರಿದರು. ಗಿನಿಯಲ್ಲಿ ಆ ವರ್ಷ ಆರೋಗ್ಯ ಕೇಂದ್ರಗಳಿಗೆ ಬಂದ ಮಲೇರಿಯಾ ರೋಗಿಗಳು ಸುಮಾರು 74,000 ಕಡಿಮೆ ಎಂದು ಅಧ್ಯಯನವೊಂದು ಲೆಕ್ಕ ಹಾಕಿತು. ಕಾಯಿಲೆ ಕಡಿಮೆಯಾಗಿರಲಿಲ್ಲ, ಬರುವವರು ಕಡಿಮೆಯಾಗಿದ್ದರು. ಮೂರೂ ದೇಶ ಸೇರಿ 2014ರಲ್ಲಿ ಚಿಕಿತ್ಸೆ ಸಿಗದೆ ಮಲೇರಿಯಾದಿಂದ ಹೆಚ್ಚುವರಿಯಾಗಿ ಸತ್ತವರು ಸುಮಾರು 10,900 ಇರಬಹುದು ಎಂದು ಇನ್ನೊಂದು ಅಂದಾಜು. ಎಬೋಲಾದಿಂದಲೇ ಸತ್ತವರು 11,000ಕ್ಕೂ ಸ್ವಲ್ಪ ಮೇಲೆ. ಒಂದು ಕಾಯಿಲೆಯ ನೆರಳಿನಲ್ಲಿ ಇನ್ನೊಂದು ಕಾಯಿಲೆ ಹೆಚ್ಚುಕಡಿಮೆ ಅಷ್ಟೇ ಜನರನ್ನು ಕೊಂದಿತು.

ಅಲ್ಲಿ ಅವರು ಮಾಡಿದ ಒಂದು ಕೆಲಸ ನನಗೆ ತುಂಬಾ ಹಿಡಿಸಿತು. ಸಿಯೆರಾ ಲಿಯೋನ್‌ನಲ್ಲಿ 2014ರ ಡಿಸೆಂಬರ್, 2015ರ ಜನವರಿಯಲ್ಲಿ ಸುಮಾರು 25 ಲಕ್ಷ ಜನರಿಗೆ ಮನೆಬಾಗಿಲಿಗೇ ಮಲೇರಿಯಾ ಮಾತ್ರೆ ಕೊಟ್ಟರು. ಜ್ವರ ಇದೆಯೋ ಇಲ್ಲವೋ ಕೇಳಲಿಲ್ಲ. ಮಲೇರಿಯಾ ಜ್ವರ ಕಡಿಮೆಯಾದರೆ ಎಬೋಲಾ ಎಂದು ಅನುಮಾನ ಪಡುವ ಜ್ವರವೂ ಕಡಿಮೆಯಾಗುತ್ತದೆ ಅಲ್ವಾ? ಎಬೋಲಾ ವಾರ್ಡಿನ ಮೇಲಿನ ಹೊರೆ ಇಳಿಸಲು ಮಲೇರಿಯಾವನ್ನು ತಡೆದರು. ಎರಡೂ ಒಂದೇ ಕೆಲಸವಾಯಿತು.

ಆ ಪಾಠ 2020ಕ್ಕೆ ಉಪಯೋಗಕ್ಕೆ ಬಂತು. ಏಪ್ರಿಲ್‌ನಲ್ಲೇ ವಿಶ್ವ ಆರೋಗ್ಯ ಸಂಸ್ಥೆ ಎಚ್ಚರಿಸಿತು. ಸೊಳ್ಳೆಪರದೆ ಹಂಚುವುದು ಪೂರ್ತಿ ನಿಂತು, ಔಷಧಿ ಸಿಗುವುದು ಮುಕ್ಕಾಲು ಪಾಲು ಕಡಿಮೆಯಾದರೆ, ಸಹಾರಾದ ದಕ್ಷಿಣದ ಆಫ್ರಿಕಾದಲ್ಲೇ ಆ ವರ್ಷ 7.69 ಲಕ್ಷ ಜನ ಸಾಯಬಹುದು, ಇಪ್ಪತ್ತು ವರ್ಷದ ಕೆಲಸ ಮಣ್ಣುಪಾಲು ಎಂದು. ಬೆನಿನ್ ದೇಶ ಅದೇ ತಿಂಗಳು ಮನೆಮನೆಗೆ ಪರದೆ ಹಂಚಲು ಹೊರಟಿತು. ಸಹಾರಾ ಮರುಭೂಮಿಯ ದಕ್ಷಿಣ ಅಂಚಿನ ಸಹೇಲ್ ಪ್ರದೇಶದಲ್ಲಿ ಮಳೆಗಾಲದ ನಾಲ್ಕು ತಿಂಗಳು ಸಣ್ಣ ಮಕ್ಕಳಿಗೆ ತಿಂಗಳಿಗೊಮ್ಮೆ ಮುಂಜಾಗ್ರತೆ ಮಾತ್ರೆ ಕೊಡುತ್ತಾರೆ. ಅದನ್ನು ನಿಲ್ಲಿಸಲಿಲ್ಲ, ಹೆಚ್ಚಿಸಿದರು. 2020ರಲ್ಲಿ 3.35 ಕೋಟಿ ಮಕ್ಕಳಿಗೆ ತಲುಪಿತು.

ಆದರೂ ಏಟು ಬಿತ್ತು. ಜಗತ್ತಿನಲ್ಲಿ ಮಲೇರಿಯಾ ಸಾವು 2019ರಲ್ಲಿ 5.68 ಲಕ್ಷ ಇದ್ದದ್ದು 2020ರಲ್ಲಿ 6.25 ಲಕ್ಷಕ್ಕೆ ಏರಿತು. ಎರಡು ವರ್ಷದಲ್ಲಿ ಸೇವೆಗಳು ಅಸ್ತವ್ಯಸ್ತವಾದದ್ದರಿಂದಲೇ 1.3 ಕೋಟಿ ಹೆಚ್ಚು ಪ್ರಕರಣ, 63,000 ಹೆಚ್ಚು ಸಾವು ಎಂದು ಅಂದಾಜು ಮಾಡಿದ್ದಾರೆ. ಹೆಚ್ಚಿನವರು ಆಫ್ರಿಕಾದ ಐದು ವರ್ಷದೊಳಗಿನ ಮಕ್ಕಳು.

ಇನ್ನೊಂದು ಅಂಕಿ ನನ್ನನ್ನು ತುಂಬಾ ಯೋಚನೆಗೆ ಹಚ್ಚಿತು. ಏಡ್ಸ್, ಕ್ಷಯ, ಮಲೇರಿಯಾ ತಡೆಗೆ ನೆರವಾಗುವ ಗ್ಲೋಬಲ್ ಫಂಡ್ ಎಂಬ ಅಂತರರಾಷ್ಟ್ರೀಯ ನಿಧಿ ಹಣ ಕೊಡುವ ದೇಶಗಳಲ್ಲಿ 2020ರಲ್ಲಿ ಹಂಚಿದ ಪರದೆಗಳು 18.8 ಕೋಟಿ, ಹಿಂದಿನ ವರ್ಷಕ್ಕಿಂತ ನೂರಕ್ಕೆ 17 ಜಾಸ್ತಿ. ಅದೇ ವರ್ಷ ಮಲೇರಿಯಾ ಅನುಮಾನದ ಜ್ವರಗಳ ಪರೀಕ್ಷೆ ನೂರಕ್ಕೆ 4.3 ಕಡಿಮೆ. ವಸ್ತುವನ್ನು ಮನೆಬಾಗಿಲಿಗೆ ಒಯ್ದು ಇಟ್ಟುಬರಬಹುದು. ಜ್ವರ ಇದೆ ಎಂದು ಹೇಳಬೇಕಾದವರು ಮನೆಯವರೇ. ನಿಮ್ಮ ತಾಯಿ ಹೇಳಿದ್ದೇ ಇಲ್ಲೂ ಕಾಣುತ್ತದೆ ಅಕ್ಕ.

ಬಯಲುಸೀಮೆ ಹುಡುಗ · ಸೋಮವಾರ ಮಧ್ಯಾಹ್ನ

ಎಬೋಲಾದ ವಿಷಯ ನನಗೆ ಗೊತ್ತಿರಲಿಲ್ಲ. ಎರಡನ್ನೂ ಒಟ್ಟಿಗೆ ಮಾಡಿದ್ದಾರೆ ಎಂದು ತಿಳಿದಾಗ ನನ್ನ ಪ್ರಶ್ನೆ ಅರ್ಧ ಕರಗಿತು. ಇನ್ನರ್ಧ ಉಳಿದಿದೆ, ಏಕೆಂದರೆ ನಮ್ಮಲ್ಲಿ ಮೊದಲೇ ಸಿಬ್ಬಂದಿ ಕಡಿಮೆ. ನಮ್ಮ ತಾಲ್ಲೂಕಿನಲ್ಲಿ ಆರೋಗ್ಯ ಸಹಾಯಕರ ಹುದ್ದೆಗಳು ಕೊರೊನಾಕ್ಕೆ ಮೊದಲೇ ಖಾಲಿ ಇದ್ದವು. ಇರುವುದು ಒಬ್ಬರೇ ಆದರೆ ಅವರನ್ನು ಎಲ್ಲಿ ಬಿಡುವುದು?

ಔಷಧಿ ಅಂಗಡಿ · ಸೋಮವಾರ ರಾತ್ರಿ

ಹುಬ್ಬಳ್ಳಿಯಲ್ಲಿ ಮೆಡಿಕಲ್ ಶಾಪ್ ಇಟ್ಟಿದ್ದೇನೆ. ಯಾರೂ ಮಾತ್ರೆಯ ವಿಷಯ ಎತ್ತಲಿಲ್ಲ, ಹಾಗಾಗಿ ಬರೆಯುತ್ತೇನೆ.

2020ರ ಮಾರ್ಚ್‌ನಲ್ಲಿ ಹೈಡ್ರಾಕ್ಸಿಕ್ಲೋರೋಕ್ವಿನ್ ಎಂಬ ಹೆಸರು ಟಿವಿಯಲ್ಲಿ ಬಂದದ್ದೇ ತಡ, ಎರಡು ದಿನದಲ್ಲಿ ನನ್ನ ಕಪಾಟು ಖಾಲಿ. ಅದು ಸಿಗದಿದ್ದರೆ ಕ್ಲೋರೋಕ್ವಿನ್ ಆದರೂ ಕೊಡಿ ಎಂದರು. ಎರಡೂ ಒಂದೇ ಕುಟುಂಬದ ಔಷಧಿ. ವೈವಾಕ್ಸ್ ಎಂಬ ಇನ್ನೊಂದು ಬಗೆಯ ಮಲೇರಿಯಾಕ್ಕೆ ನಮ್ಮ ದೇಶದಲ್ಲಿ ಇವತ್ತಿಗೂ ಮೊದಲ ಮಾತ್ರೆ ಕ್ಲೋರೋಕ್ವಿನ್. ಮಾರ್ಚ್ 25ಕ್ಕೆ ಸರ್ಕಾರ ರಫ್ತು ನಿಲ್ಲಿಸಿತು, ಏಪ್ರಿಲ್‌ನಲ್ಲಿ ಸಡಿಲಿಸಿತು. ಆ ಹೊತ್ತಿಗೆ ಜನ ಮನೆಮನೆಯಲ್ಲಿ ಪಟ್ಟಿಗಟ್ಟಲೆ ಕೂಡಿಟ್ಟಾಗಿತ್ತು. ಸಂಧಿವಾತಕ್ಕೆ, ಲೂಪಸ್‌ಗೆ ವರ್ಷಗಟ್ಟಲೆ ಅದನ್ನೇ ನುಂಗುವ ನನ್ನ ಹಳೆಯ ಗಿರಾಕಿಗಳು ಬಂದು ಬರಿಗೈಯಲ್ಲಿ ಹೋದರು. ಒಬ್ಬ ಅಜ್ಜಿಗೆ ನಾನು ಊರೆಲ್ಲ ಫೋನ್ ಮಾಡಿ ಹತ್ತು ಮಾತ್ರೆ ಹೊಂದಿಸಿದ್ದೆ. ಜೂನ್‌ನಲ್ಲಿ ಬ್ರಿಟನ್ನಿನ ದೊಡ್ಡ ಪ್ರಯೋಗದಲ್ಲಿ ಆಸ್ಪತ್ರೆ ಸೇರಿದ ಕೊರೊನಾ ರೋಗಿಗಳಿಗೆ ಅದರಿಂದ ಉಪಯೋಗವಿಲ್ಲ ಎಂದು ಗೊತ್ತಾಯಿತು.

ಬೆರಳಿನ ರಕ್ತದಲ್ಲಿ ಮಲೇರಿಯಾ ನೋಡುವ ಕಿಟ್‌ಗಳದ್ದೂ ಹೀಗೇ. ಅವನ್ನು ಮಾಡುವ ಕೆಲವು ಕಂಪನಿಗಳು ಕೊರೊನಾ ಕಿಟ್ ಕಡೆ ತಿರುಗಿದವು. ಅದರಲ್ಲಿ ಹಣ ಜಾಸ್ತಿ. ಮಲೇರಿಯಾ ಕಿಟ್ ಕೊಳ್ಳುವವರು ಬಡ ದೇಶಗಳ ಸರ್ಕಾರಗಳು.

ಮುಂಗಾರು ಮನೆ · ಮಂಗಳವಾರ ಸಂಜೆ

ಹಳೆಯ ಲ್ಯಾಬ್ ಸರ್, ಸೋಮವಾರ ಅವರು ಒಪ್ಪಲಿಲ್ಲ. ಸಂಜೆ ಮತ್ತೆ ಚಳಿ ಬಂದು ಮಂಚವೇ ಅಲುಗಾಡಿತು. ಆಗ ನಿಮ್ಮ ಪೋಸ್ಟನ್ನು ಅವರ ಮುಖದ ಮುಂದೆ ಹಿಡಿದೆ. ಇವತ್ತು ಬೆಳಿಗ್ಗೆ ಹೋದೆವು. ವೈವಾಕ್ಸ್ ಪಾಸಿಟಿವ್. ಕೊರೊನಾ ಎಂದು ಯಾರೂ ಎಲ್ಲೂ ಕೂಡಿಹಾಕಲಿಲ್ಲ, ಪಾಪ ಅವರಿಗೇ ಆಶ್ಚರ್ಯ.

ಮೂರು ದಿನಕ್ಕೆ ಕ್ಲೋರೋಕ್ವಿನ್ ಕೊಟ್ಟಿದ್ದಾರೆ. ಜಿ-ಸಿಕ್ಸ್-ಪಿಡಿ ಎಂಬ ಪರೀಕ್ಷೆಗೂ ರಕ್ತ ತೆಗೆದರು. ಅದು ಸರಿ ಇದ್ದರೆ 14 ದಿನ ಇನ್ನೊಂದು ಮಾತ್ರೆಯಂತೆ. ಮೂರು ದಿನಕ್ಕೇ ಜ್ವರ ಬಿಡುತ್ತದೆ ಎಂದರು, ಮತ್ತೆ 14 ದಿನ ಏಕೆ?

ಹಳೆಯ ಲ್ಯಾಬ್ · ಮಂಗಳವಾರ ರಾತ್ರಿ

ತುಂಬಾ ಒಳ್ಳೆಯದಾಯಿತು ಅಮ್ಮಾ. ಆ 14 ದಿನವನ್ನು ಯಾವ ಕಾರಣಕ್ಕೂ ಬಿಡಿಸಬೇಡಿ. ಕ್ಲೋರೋಕ್ವಿನ್ ರಕ್ತದಲ್ಲಿರುವ ರೋಗಾಣುವನ್ನು ಕೊಲ್ಲುತ್ತದೆ. ವೈವಾಕ್ಸ್ ಯಕೃತ್ತಿನಲ್ಲೂ ಅಡಗಿ ಮಲಗಿರುತ್ತದೆ. ವಾರಗಳು, ತಿಂಗಳುಗಳು ಕಳೆದ ಮೇಲೆ ಸೊಳ್ಳೆ ಕಚ್ಚದೆಯೇ ಎದ್ದು ಮತ್ತೆ ಜ್ವರ ತರುತ್ತದೆ. ಅಲ್ಲಿರುವುದನ್ನು ತೆಗೆಯುವುದು ಪ್ರೈಮಾಕ್ವಿನ್. ಕೆಲವರ ಮೈಗೆ ಅದು ಒಗ್ಗುವುದಿಲ್ಲ, ರಕ್ತಕಣ ಒಡೆಯುತ್ತವೆ. ಅದಕ್ಕೇ ಮೊದಲು ಆ ಪರೀಕ್ಷೆ. ಗರ್ಭಿಣಿಯರಿಗೆ, ಎಳೆ ಕೂಸುಗಳಿಗೆ ಕೊಡುವುದಿಲ್ಲ. ಯಾರೂ ಅಂಗಡಿಯಿಂದ ತಾವೇ ತಂದು ನುಂಗಬಾರದು.

ಲಾಕ್‌ಡೌನ್ ನನಗೆ ಬಹಳ ನೋವು ಕೊಟ್ಟದ್ದು ಇದೇ 14 ದಿನದ ವಿಷಯದಲ್ಲಿ. ಮೊದಲು ನಮ್ಮ ಹುಡುಗರು ರೋಗಿಯ ಮನೆಗೆ ಹೋಗಿ ಮಾತ್ರೆಯ ಖಾಲಿ ಪಟ್ಟಿ ಎಣಿಸಿ ಬರುತ್ತಿದ್ದರು. 2020ರ ಮಾರ್ಚ್ ಕೊನೆಯಲ್ಲಿ ಜಾರ್ಖಂಡಿನ ಒಬ್ಬ ಗಾರೆ ಕೆಲಸದ ಹುಡುಗ ಬಂದ, ಹತ್ತೊಂಬತ್ತು ವರ್ಷ ಇರಬಹುದು. ವೈವಾಕ್ಸ್. ಮಾತ್ರೆ ಕೊಟ್ಟೆವು. ನಾಲ್ಕನೆಯ ದಿನ ಶೆಡ್ಡಿಗೆ ಹೋಗಿ ನೋಡಿದರೆ ಯಾರೂ ಇಲ್ಲ. ಗುತ್ತಿಗೆದಾರ ಊಟ ನಿಲ್ಲಿಸಿದ್ದನಂತೆ, ಎಲ್ಲರೂ ನಡೆದು ಹೊರಟಿದ್ದರು. ಪ್ರೈಮಾಕ್ವಿನ್ ಪಟ್ಟಿ ನೆಲದ ಮೇಲೆ ಬಿದ್ದಿತ್ತು, ಮೂರು ಮಾತ್ರೆ ಮಾತ್ರ ಖರ್ಚಾಗಿತ್ತು. ಅವನು ಊರು ಮುಟ್ಟಿದನೋ, ದಾರಿಯಲ್ಲಿ ಮತ್ತೆ ಜ್ವರ ಬಂತೋ, ಅವನ ಊರಿನ ಸೊಳ್ಳೆಗೆ ಅದು ದಾಟಿತೋ. ಆ ಪಟ್ಟಿಯನ್ನು ತುಂಬಾ ದಿನ ನನ್ನ ಮೇಜಿನ ಖಾನೆಯಲ್ಲೇ ಇಟ್ಟುಕೊಂಡಿದ್ದೆ.

ಅವರು ಬಿಟ್ಟುಹೋದ ಕಟ್ಟಡಗಳೂ ಹಾಗೇ ನಿಂತವು. ಸ್ಲ್ಯಾಬಿನ ಮೇಲೆ ಕಟ್ಟಿದ ನೀರು, ಲಿಫ್ಟ್ ಗುಂಡಿ, ಸಂಪು, ಡ್ರಮ್ಮು. ಮುಂಗಾರು ಬಂದು ಎಲ್ಲ ತುಂಬಿತು. ನಗರದ ಮಲೇರಿಯಾ ಸೊಳ್ಳೆ ಅನಾಫಿಲಿಸ್ ಸ್ಟೆಫೆನ್ಸಿಗೆ ಇಂಥ ತಿಳಿನೀರೇ ಬೇಕು. ಮಂಗಳೂರಿನಲ್ಲಿ 1990ರ ಹೊತ್ತಿಗೆ ಮಲೇರಿಯಾ ಮರಳಿ ಬೇರೂರಿದ್ದೇ ಕಟ್ಟಡ ಕೆಲಸ ಏರಿದ ಮೇಲೆ.

ಬಯಲುಸೀಮೆ ತಮ್ಮಾ, ನಿನ್ನ ಉಳಿದರ್ಧ ಪ್ರಶ್ನೆಗೆ ನನ್ನ ಹತ್ತಿರ ಪೂರ್ತಿ ಉತ್ತರವಿಲ್ಲ. ಹಳೆಯ ಒಂದು ಸಂಗತಿ ಹೇಳುತ್ತೇನೆ. 1953ರಲ್ಲಿ ನಮ್ಮ ದೇಶದಲ್ಲಿ ವರ್ಷಕ್ಕೆ ಸುಮಾರು 7.5 ಕೋಟಿ ಜನರಿಗೆ ಮಲೇರಿಯಾ ಬರುತ್ತಿತ್ತು, 8 ಲಕ್ಷ ಜನ ಸಾಯುತ್ತಿದ್ದರು. ಡಿಡಿಟಿ ಹೊಡೆದು, ಮನೆಮನೆ ಜ್ವರ ಹುಡುಕಿ 1965ಕ್ಕೆ ಒಂದು ಲಕ್ಷಕ್ಕೆ ಇಳಿಸಿದರು. ಆಮೇಲೆ ಡಿಡಿಟಿ ಸಾಲದೆ ಬಂತು, ಗಮನ ಬೇರೆ ಕಡೆ ಹೋಯಿತು, ಸಿಬ್ಬಂದಿ ಬೇರೆ ಕೆಲಸಕ್ಕೆ ಹೋದರು. 1976ಕ್ಕೆ 64 ಲಕ್ಷ. ನನಗೆ ಕೆಲಸ ಕಲಿಸಿದ ಹಿರಿಯರು ಆ ವರ್ಷದ ಸ್ಲೈಡ್‌ಗಳನ್ನು ರಾತ್ರಿ ಲಾಟೀನಿನಲ್ಲಿ ನೋಡಿದವರು. ಒಂದು ಹುದ್ದೆ ಖಾಲಿ ಬಿಟ್ಟರೆ ಏನಾಗುತ್ತದೆ ಎಂದು ಅವರು ಹೇಳಿದ್ದಕ್ಕೇ ನಾನು ಒಂದು ದಿನವೂ ಸುಮ್ಮನೆ ರಜೆ ಹಾಕಲಿಲ್ಲ. ಖಾಲಿ ಹುದ್ದೆ ತುಂಬಿ ಎಂದು ಕೊರೊನಾ ಇಲ್ಲದಾಗಲೇ ಕೇಳಬೇಕು. ಬಂದ ಮೇಲೆ ಕೇಳಿದರೆ ಜನ ಎಲ್ಲಿಂದ ಬರುತ್ತಾರೆ?

ಕಿರಿಯ ಅಂಕಿ · ಬುಧವಾರ ಬೆಳಿಗ್ಗೆ

ಸ್ಟೆಫೆನ್ಸಿ ಎಂದಿರಲ್ಲ ಸರ್, ಅದು ನಮ್ಮ ಕಡೆಯಿಂದ ಆಫ್ರಿಕಾಕ್ಕೂ ಕಾಲಿಟ್ಟಿದೆ. ಜಿಬೂಟಿ ಎಂಬ ಪುಟ್ಟ ದೇಶದಲ್ಲಿ 2012ರಲ್ಲಿ ಮೊದಲು ಕಂಡಿತು. ಆ ವರ್ಷ ಅಲ್ಲಿ ಮಲೇರಿಯಾ ಪ್ರಕರಣ ಬರೀ 27. 2020ರಲ್ಲಿ 73,535. ಕೊರೊನಾ ಕಾಲದಲ್ಲೇ ಅದು ಇಷ್ಟೆತ್ತರಕ್ಕೆ ಏರಿದ್ದು, ಜಗತ್ತಿನ ಕಣ್ಣು ಬೇರೆಲ್ಲೋ ಇತ್ತು. ಆಫ್ರಿಕಾದ ಮಲೇರಿಯಾ ಹೆಚ್ಚಾಗಿ ಹಳ್ಳಿಯದು. ಟ್ಯಾಂಕು, ಡ್ರಮ್ಮಿನಲ್ಲಿ ಬೆಳೆಯುವ ಈ ಸೊಳ್ಳೆ ಅಲ್ಲಿನ ದೊಡ್ಡ ನಗರಗಳಿಗೆ ಹೊಕ್ಕರೆ ಏನಾಗುತ್ತದೋ ಎಂಬ ಭಯ ನನಗಿದೆ.

ನೈಲ್ ದಂಡೆ · ಬುಧವಾರ ರಾತ್ರಿ

ಆ ಭಯ ಇಲ್ಲಿನವರಿಗೂ ಇದೆ. ಒಳ್ಳೆಯ ಸುದ್ದಿಯೂ ಇದೆ. ಅದೇ ಕೊರೊನಾ ವರ್ಷಗಳಲ್ಲಿ ಘಾನಾ, ಕೀನ್ಯಾ, ಮಲಾವಿಯಲ್ಲಿ ಮಲೇರಿಯಾ ಲಸಿಕೆಯ ಪ್ರಾಯೋಗಿಕ ಬಳಕೆ ನಿಲ್ಲದೆ ನಡೆಯಿತು. ಎಂಟು ಲಕ್ಷಕ್ಕೂ ಹೆಚ್ಚು ಮಕ್ಕಳಿಗೆ ಹಾಕಿದ ಮೇಲೆ 2021ರ ಅಕ್ಟೋಬರ್‌ನಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಒಪ್ಪಿಗೆ ಬಂತು. ಎರಡನೆಯ ಲಸಿಕೆಗೆ 2023ರಲ್ಲಿ ಒಪ್ಪಿಗೆ. ಅದು ತಯಾರಾಗುವುದು ಪುಣೆಯಲ್ಲಿ. 2021ರಲ್ಲೇ ಎಲ್ ಸಾಲ್ವಡಾರ್, ಚೀನಾ ಮಲೇರಿಯಾಮುಕ್ತ ಎಂದು ಘೋಷಣೆಯಾದವು. ಕೊರೊನಾ ಮಧ್ಯೆಯೂ ಹಿಡಿದ ಕೆಲಸ ಬಿಡದವರಿದ್ದರು.

ಆದರೂ 2023ರಲ್ಲಿ ಜಗತ್ತಿನಲ್ಲಿ 26.3 ಕೋಟಿ ಪ್ರಕರಣ, 5.97 ಲಕ್ಷ ಸಾವು. ಕೊರೊನಾಕ್ಕೆ ಮೊದಲಿದ್ದ ಜಾಗಕ್ಕೆ ನಾವಿನ್ನೂ ಮರಳಿಲ್ಲ. ಕೊರೊನಾ ಲಸಿಕೆ ಒಂದೇ ವರ್ಷದಲ್ಲಿ ಬಂತು. ಮಲೇರಿಯಾದ ಮೊದಲ ಲಸಿಕೆಯ ಕೆಲಸ ಶುರುವಾಗಿದ್ದು 1987ರಲ್ಲಿ. ನನ್ನ ಜೊತೆಯವನ ಮಗಳಿಗೆ ಈಗ ಶಾಲೆ. ಅವಳನ್ನು ನೋಡಿದಾಗೆಲ್ಲ ಆ ಎರಡು ಕೊರೊನಾ ವರ್ಷಗಳು ನೆನಪಿಗೆ ಬರುತ್ತವೆ.

ಕಡಲ ಕರೆ · ಗುರುವಾರ ಬೆಳಿಗ್ಗೆ

ಎಲ್ಲವನ್ನೂ ಅಮ್ಮನಿಗೆ ಓದಿ ಹೇಳಿದೆ. ಜಾರ್ಖಂಡಿನ ಹುಡುಗನ ಮಾತು ಬಂದಾಗ ಓದುವುದು ನಿಲ್ಲಿಸು ಎಂದರು, ಸ್ವಲ್ಪ ಹೊತ್ತು ಬಿಟ್ಟು ಮುಂದುವರಿಸು ಎಂದರು. ಆಮೇಲೆ 2020ರ ಪುಸ್ತಕ ತೆಗೆದುಕೊಂಡು, ಆ ವರ್ಷ ಬಾಗಿಲು ಹಾಕಿದ್ದ ಮನೆಗಳ ಹೆಸರನ್ನು ನೆನಪಿನಿಂದ ಹೇಳಿದರು. ಹದಿನೇಳು ಮನೆ. ಈ ವಾರ ಆ ಮನೆಗಳಿಗೆ ಮೊದಲು ಹೋಗುತ್ತಾರಂತೆ, ಈಗ ಜ್ವರ ಇದೆಯಾ ಎಂದು ಕೇಳಲು. ಮುಂಗಾರು ಮನೆ ಅಕ್ಕ, ನಿಮ್ಮವರು ಹೇಗಿದ್ದಾರೆ?

ಮುಂಗಾರು ಮನೆ · ಭಾನುವಾರ ಬೆಳಿಗ್ಗೆ

ಜ್ವರ ಬಿಟ್ಟಿದೆ. ಜಿ-ಸಿಕ್ಸ್-ಪಿಡಿ ಸರಿ ಇದೆ ಎಂದರು. ಪ್ರೈಮಾಕ್ವಿನ್ ಇವತ್ತಿಗೆ ನಾಲ್ಕನೆಯ ದಿನ. ಊಟವಾದ ಮೇಲೆ ನಾನೇ ಕೈಗೆ ಕೊಟ್ಟು, ನುಂಗುವವರೆಗೆ ನಿಂತು, ಕ್ಯಾಲೆಂಡರಿನಲ್ಲಿ ಗುರುತು ಹಾಕುತ್ತಿದ್ದೇನೆ.

ಶುಕ್ರವಾರ ಇಬ್ಬರು ಆರೋಗ್ಯ ಸಹಾಯಕರು ಬಂದಿದ್ದರು. ಟಾರಸಿಯ ಟ್ಯಾಂಕಿನ ಮುಚ್ಚಳ ಒಡೆದಿತ್ತು, ನಾವು ನೋಡಿಯೇ ಇರಲಿಲ್ಲ. ಸೌಟಿನಲ್ಲಿ ನೀರು ಎತ್ತಿ ಮರಿಗಳನ್ನು ತೋರಿಸಿದರು. ಟ್ಯಾಂಕು ತೊಳೆದು, ಹೊಸ ಮುಚ್ಚಳ ಹಾಕಿಸಿದ್ದೇವೆ. ಪಕ್ಕದ ನಿವೇಶನದಲ್ಲಿ ಮನೆ ಏಳುತ್ತಿದೆ, ಅಲ್ಲಿ ಮಲಗುವ ಆರು ಜನ ಕೆಲಸದವರ ರಕ್ತವನ್ನೂ ತೆಗೆದರು. ನಮ್ಮ ಮನೆಯವರೇ ಹೋಗಿ ಅವರಿಗೆ ಹಿಂದಿಯಲ್ಲಿ ಹೇಳಿದರು, ಹೆದರಬೇಡಿ, ಎಲ್ಲೂ ಕರೆದೊಯ್ಯುವುದಿಲ್ಲ, ನನಗೂ ಬಂದಿದೆ ಎಂದು. ಒಬ್ಬನಿಗೆ ಪಾಸಿಟಿವ್ ಬಂದಿದೆ. ಅವನ ಮಾತ್ರೆಗಳ ಪಟ್ಟಿಯೂ ಈಗ ನಮ್ಮ ಅಡುಗೆಮನೆಯ ಕಿಟಕಿಯಲ್ಲೇ ಇದೆ. ರಾತ್ರಿ ಊಟದ ಹೊತ್ತಿಗೆ ಬಂದು ನುಂಗಿ ಹೋಗುತ್ತಾನೆ.